ಬಾಡಿಗೆ ಇಳಿದಷ್ಟೂ ಸದ್ದು ಜಾಸ್ತಿ: ಜಪಾನಿನ ಮೊದಮೊದಲ ಟಾಕಿಗಳಲ್ಲಿ ಟೋಕಿಯೊದ ದಿನಬಳಕೆಯ ಬದುಕು

(ಸಿನಿಮಾಸಕ್ತರ ಸಭೆಯೊಂದರಲ್ಲಿ ಮಾಡಿದ ಉಪನ್ಯಾಸದ ಬರಹ ರೂಪ)

ಇವತ್ತು ಎರಡು ಚಿತ್ರಗಳನ್ನು ಅಕ್ಕಪಕ್ಕ ಇಟ್ಟು ನೋಡೋಣ. ಒಂದು, 1931ರ ಆಗಸ್ಟ್ 1ರಂದು ತೆರೆಕಂಡ ‘ಮದಾಮು ತೊ ನ್ಯೋಬೊ’. ಪಕ್ಕದ ಮನೆಯ ಮೇಡಂ ಮತ್ತು ನಮ್ಮನೆಯಾಕೆ ಅಂತ ಇಟ್ಟುಕೊಳ್ಳಿ. ನಿರ್ದೇಶಕ ಗೋಶೊ ಹೇನೊಸುಕೆ. ಜಪಾನಿನಲ್ಲಿ ನಿಜವಾಗಿ ಗೆದ್ದ ಮೊದಲ ಪೂರ್ಣ ಟಾಕಿ ಇದು. ಇನ್ನೊಂದು, 1936ರ ‘ಹಿತೋರಿ ಮುಸುಕೊ’, ಒಬ್ಬನೇ ಮಗ. ಓಜು ಯಾಸುಜಿರೊ ಮಾತು ಕೂಡಿಸಿ ಮಾಡಿದ ಮೊದಲ ಕಥಾಚಿತ್ರ. ಎರಡನ್ನೂ ತಯಾರಿಸಿದ್ದು ಶೋಚಿಕು ಕಂಪನಿ. ಎರಡರಲ್ಲೂ ಕಥೆ ನಡೆಯುವುದು ಟೋಕಿಯೊದ ಅಂಚಿನ ಬಾಡಿಗೆ ಮನೆಯಲ್ಲಿ.

ಮೊದಲ ಟಾಕಿಗಳು ಅಂದ ಕೂಡಲೇ ನಮಗೆ ಹಾಡು, ಪದ್ಯ, ಗಂಟಲು ಕಿತ್ತು ಹೇಳುವ ಸಂಭಾಷಣೆ ನೆನಪಾಗುತ್ತದೆ. ನಮ್ಮ ‘ಸತಿ ಸುಲೋಚನಾ’ ಬಂದದ್ದು 1934ರಲ್ಲಿ. ಅದರ ಹಿಂದೆ ಇದ್ದದ್ದು ಕಂಪನಿ ನಾಟಕ, ಪುರಾಣ. ಜಪಾನಿನಲ್ಲೂ ಹಾಡಿನ ಕಡೆಗೆ ಸೆಳೆತ ಇತ್ತು. 1930ರಲ್ಲಿ ನಿರ್ದೇಶಕ ಮಿಜೋಗುಚಿ ಅರ್ಧಂಬರ್ಧ ಮಾತಿನ ಒಂದು ಚಿತ್ರ ಮಾಡಿದಾಗ ಅದರ ನಾಯಕನಾಗಿ ನಿಂತದ್ದು ಹೆಸರಾಂತ ಗಾಯಕ ಫುಜಿವಾರಾ ಯೋಶಿಯೆ. ಆದರೆ ಶೋಚಿಕುವಿನ ಕಾಮಾತಾ ಸ್ಟುಡಿಯೊದವರು ಹಿಡಿದ ದಾರಿ ಬೇರೆ. ಹೊಸ ಯಂತ್ರ ಕೈಗೆ ಬಂದಾಗ ಅವರು ಕೇಳಿಸಿದ್ದು ಮಗುವಿನ ಅಳು, ಬೆಕ್ಕಿನ ಕೂಗು, ಔಷಧಿ ಮಾರುವವನ ಮಾತು, ಪಕ್ಕದ ಮನೆಯ ಬ್ಯಾಂಡು. ಪೇಟೆಯ ಬದುಕು ಎಂದರೆ ಬೇಡವೆಂದರೂ ಕಿವಿಗೆ ಬೀಳುವುದು, ಮತ್ತು ಎಷ್ಟು ಬೀಳುತ್ತದೆ ಎನ್ನುವುದನ್ನು ನಿರ್ಧರಿಸುವುದು ನೀವು ಕೊಡುವ ಬಾಡಿಗೆ: ಈ ಎರಡು ಚಿತ್ರ ಬಿಟ್ಟರೆ ಆ ಕಾಲದಲ್ಲಿ ಇದನ್ನು ಇಷ್ಟು ಚೆನ್ನಾಗಿ ತೋರಿಸಿದವು ಕಡಿಮೆ ಎಂದು ನನ್ನ ಅಭಿಪ್ರಾಯ.

ಮೊದಲು ಆ ಮನೆಯೊಳಕ್ಕೆ ಹೋಗೋಣ. ಮನೆಯನ್ನು ಅಳೆಯುವುದು ಅಡಿಗಳಲ್ಲಿ ಅಲ್ಲ, ತತಾಮಿ ಚಾಪೆಗಳಲ್ಲಿ. ಒಂದು ಚಾಪೆ ಅಂದಾಜು 91 ಸೆಂಟಿಮೀಟರ್ ಅಗಲ, 182 ಸೆಂಟಿಮೀಟರ್ ಉದ್ದ. ಆರು ಚಾಪೆಯ ಕೋಣೆ ಎಂದರೆ ಹತ್ತು ಚದರ ಮೀಟರ್ ಹತ್ತಿರ. ನಾಲ್ಕೂವರೆ ಚಾಪೆಯದು ಏಳೂವರೆ. ಸಂಬಳದ ಗುಮಾಸ್ತನಿಗೋ ಶಾಲಾ ಮೇಷ್ಟ್ರಿಗೋ ಸಿಗುತ್ತಿದ್ದದ್ದು ಇಂಥ ಎರಡು ಮೂರು ಕೋಣೆ. ಕೋಣೆಗಳ ನಡುವೆ ಗೋಡೆ ಇಲ್ಲ, ಫುಸುಮಾ ಇದೆ: ಮರದ ಚೌಕಟ್ಟಿಗೆ ಎರಡೂ ಕಡೆ ದಪ್ಪ ಕಾಗದ ಅಂಟಿಸಿದ ಜಾರುಬಾಗಿಲು. ಹೊರಬದಿಗೆ ಶೋಜಿ: ಒಂದೇ ಪದರದ ಅರೆಪಾರದರ್ಶಕ ಕಾಗದ. ರಾತ್ರಿ ಅದರ ಹೊರಗೆ ಮರದ ಹಲಗೆಗಳನ್ನು ಎಳೆದು ಮುಚ್ಚುತ್ತಾರೆ. ಬೆಳಕು, ಚಳಿ, ಕಳ್ಳ ಇವುಗಳಿಗೆ ಆ ಹಲಗೆ ಒಂದಿಷ್ಟು ತಡೆ, ಸದ್ದಿಗೆ ಅಲ್ಲ. ಪಕ್ಕದ ಕೋಣೆಯಲ್ಲಿ ಒಬ್ಬರು ಮಗ್ಗುಲು ಬದಲಿಸಿದರೆ ಇನ್ನೊಬ್ಬರಿಗೆ ಗೊತ್ತಾಗುತ್ತದೆ. ಅತ್ತೆಗೆ ಕೇಳಿಸದ ಹಾಗೆ ಗಂಡ ಹೆಂಡತಿ ದುಡ್ಡಿನ ವಿಷಯ ಮಾತಾಡಬೇಕಾದರೆ ಅಡುಗೆಮನೆಗೋ ಬೀದಿಗೋ ಹೋಗಬೇಕು. ಓಜುವಿನ ಚಿತ್ರದಲ್ಲಿ ಇದೇ ಕಥೆಯ ಕೀಲಿ, ಆಮೇಲೆ ಬರುತ್ತೇನೆ.

ಜನ ಊರಂಚಿಗೆ ಯಾಕೆ ಹೋದರು? 1923ರ ಸೆಪ್ಟೆಂಬರ್ 1ರ ಭೂಕಂಪ ಮತ್ತು ಅದರ ಹಿಂದೆಯೇ ಎದ್ದ ಬೆಂಕಿ ಹಳೆಯ ಪೇಟೆಯನ್ನು ಬಹುಪಾಲು ಸುಟ್ಟುಹಾಕಿತು. ಬದುಕುಳಿದವರು ಖಾಸಗಿ ವಿದ್ಯುತ್ ರೈಲುಗಳ ಹಳಿ ಹಿಡಿದು ಪಶ್ಚಿಮಕ್ಕೆ, ದಕ್ಷಿಣಕ್ಕೆ ಹರಡಿದರು. ಕೈಯಲ್ಲಿ ಕಾಸಿಲ್ಲದವರು ಸುಮಿದಾ ನದಿಯ ಪೂರ್ವಕ್ಕೆ, ಕಾರ್ಖಾನೆಗಳ ನಡುವಿನ ತಗ್ಗು ನೆಲಕ್ಕೆ ಹೋದರು. 1932ರ ಅಕ್ಟೋಬರ್ 1ರಂದು ಸುತ್ತಲಿನ ಊರುಗಳನ್ನೆಲ್ಲ ಸೇರಿಸಿಕೊಂಡು ಟೋಕಿಯೊ 15 ವಾರ್ಡುಗಳಿಂದ 35ಕ್ಕೆ ಹಿಗ್ಗಿತು. ಜನಸಂಖ್ಯೆ 50 ಲಕ್ಷ ದಾಟಿತು. ಗೋಶೊ ತೋರಿಸುವುದು ಹೊಸ ಬಡಾವಣೆಯ ಟೋಕಿಯೊ. ಓಜು ತೋರಿಸುವುದು ಪೂರ್ವದ ಸುನಾಮಾಚಿ. ದಿಕ್ಕು ನೋಡಿಯೇ ಆಸಾಮಿಯ ಆದಾಯ ಹೇಳಬಹುದಾದ ಕಾಲ ಅದು.

ಈಗ ಗೋಶೊ ಚಿತ್ರದ ಕಥೆ. ಶಿಬಾನೊ ಎಂಬ ನಾಟಕಕಾರ, ಅವನ ಹೆಂಡತಿ, ಮಕ್ಕಳು. ಬರೆದು ಮುಗಿಸಬೇಕಾದ ನಾಟಕದ ಗಡುವು ತಲೆಯ ಮೇಲಿದೆ. ಪೇಟೆಯೊಳಗೆ ಗಲಾಟೆ ಅಂತ ಊರ ಹೊರಗೆ ಮನೆ ಹಿಡಿಯುತ್ತಾನೆ. ನಟ ವತಾನಾಬೆ ಅತ್ಸುಶಿ. ಹೆಂಡತಿಯಾಗಿ ತನಾಕಾ ಕಿನುಯೊ. ಆಗಲೇ ತಾರೆ, ಮಾತಿನ ಚಿತ್ರದಲ್ಲಿ ಅವರ ದನಿ ಹೇಗೋ ಏನೋ ಎಂಬ ಅಳುಕು ಇದ್ದದ್ದು ಸಹಜ. ಅವರು ಎಳೆದು ಹೇಳುವ ‘ರೀ, ಕೇಳಿಸ್ತಾ’ ಎಂಬಂಥ ಮಾತಿಗೇ ಪ್ರೇಕ್ಷಕರು ಮರುಳಾದರು.

ಶಿಬಾನೊ ಪೆನ್ನು ಹಿಡಿದು ಕೂತಾಗಲೆಲ್ಲ ಒಂದೊಂದು ಸದ್ದು. ಒಂದು ನಿಂತರೆ ಇನ್ನೊಂದು. ಗಮನಿಸಿ, ಅಲ್ಲಿ ಎರಡು ಮೂರು ಸದ್ದು ಒಟ್ಟಿಗೆ ಬರುವುದು ಕಡಿಮೆ. ಇದನ್ನು ನಗೆಚಿತ್ರದ ಜಾಣತನ ಎಂದು ಹೊಗಳುವವರಿದ್ದಾರೆ. ಅರ್ಧ ಸರಿ. ಉಳಿದರ್ಧ ಯಂತ್ರದ ಇತಿಮಿತಿ. ತ್ಸುಚಿಹಾಶಿ ಸಹೋದರರು ದೇಶದಲ್ಲೇ ತಯಾರಿಸಿದ ಧ್ವನಿಮುದ್ರಣ ಯಂತ್ರದಲ್ಲಿ ಎಲ್ಲವನ್ನೂ ಚಿತ್ರೀಕರಣದ ಹೊತ್ತಿನಲ್ಲೇ ಹಿಡಿಯಬೇಕಿತ್ತು. ಆಮೇಲೆ ಕೂತು ಮಾತಿನ ಪಟ್ಟಿಗೆ ಸಂಗೀತದ ಪಟ್ಟಿ ಬೆರೆಸುವ ಸೌಲಭ್ಯ ಇರಲಿಲ್ಲ. ದೃಶ್ಯದಲ್ಲಿ ಮಾತಿನ ಹಿಂದೆ ಬ್ಯಾಂಡ್ ಕೇಳಿಸಬೇಕೆ? ಬ್ಯಾಂಡಿನವರನ್ನೇ ಕರೆತಂದು ಚೌಕಟ್ಟಿನ ಆಚೆ ನಿಲ್ಲಿಸಿ, ನಟರು ಮಾತಾಡುವಾಗಲೇ ನುಡಿಸಬೇಕು. ಜೋರಾಗಿ ನುಡಿಸಿದರೆ ಮಾತು ಮುಳುಗುತ್ತದೆ. ಮೆಲ್ಲಗೆ ನುಡಿಸಿದರೆ ಮೈಕಿಗೆ ಸಿಗದೆ ಯಂತ್ರದ್ದೇ ಆದ ಗುಯ್ ಅನ್ನುವ ಸದ್ದಿನಲ್ಲಿ ಕರಗುತ್ತದೆ. ಸರಿಹೋಗುವ ದೂರವನ್ನು ಹುಡುಕಲು ಬ್ಯಾಂಡನ್ನು ಹಿಂದೆ ಮುಂದೆ ಸರಿಸುವುದೊಂದೇ ಉಪಾಯ.

ಕತ್ತರಿಸುವುದೂ ಸುಲಭವಿಲ್ಲ. ಮೂಕಿಚಿತ್ರದಲ್ಲಿ ದೂರದ ನೋಟ ಇವತ್ತು, ಹತ್ತಿರದ ನೋಟ ನಾಳೆ ತೆಗೆದು ಜೋಡಿಸುತ್ತಿದ್ದರು. ಇಲ್ಲಿ ಹಾಗೆ ಮಾಡಿದರೆ ಹಿನ್ನೆಲೆಯ ಬ್ಯಾಂಡು ಒಂದು ಸ್ವರದಿಂದ ಇನ್ನೊಂದಕ್ಕೆ ಜಿಗಿಯುತ್ತದೆ. ಆದ್ದರಿಂದ ಒಂದಕ್ಕಿಂತ ಹೆಚ್ಚು ಕ್ಯಾಮೆರಾಗಳನ್ನು ಒಟ್ಟಿಗೆ ಓಡಿಸಿ, ಒಂದೇ ಧ್ವನಿಪಟ್ಟಿಯ ಮೇಲೆ ಬೇರೆ ಬೇರೆ ಕೋನಗಳನ್ನು ಹೊಂದಿಸಿದರು. ಎಲ್ಲ ಕ್ಯಾಮೆರಾಗಳಿಗೂ ಹೊಂದುವ ಬೆಳಕು ಎಂದರೆ ಯಾವುದಕ್ಕೂ ಪೂರ್ತಿ ಹೊಂದದ ಬೆಳಕು. ಕೆಲವು ಹತ್ತಿರದ ನೋಟಗಳು ಚಪ್ಪಟೆಯಾಗಿ ಕಾಣುವುದಕ್ಕೆ ಇದು ಕಾರಣ. ಫಿಲಂ ಖರ್ಚಂತೂ ಕೇಳಲೇಬೇಡಿ. ಟಾಕಿಗೆ ಸೆಕೆಂಡಿಗೆ 24 ಚೌಕಟ್ಟು (ಫ್ರೇಮ್) ಕಡ್ಡಾಯ; 35 ಮಿಲಿಮೀಟರ್ ಫಿಲಂ ಒಂದು ಅಡಿಗೆ 16 ಚೌಕಟ್ಟು, ಅಂದರೆ ನಿಮಿಷಕ್ಕೆ 90 ಅಡಿ. ಚಿತ್ರದ ಉದ್ದ 56 ನಿಮಿಷ. ತೆರೆಗೆ ಬಂದದ್ದೇ 5,000 ಅಡಿಗಿಂತ ತುಸು ಹೆಚ್ಚು. ಎರಡು ಕ್ಯಾಮೆರಾ ಓಡಿಸಿದರೆ ಅದರ ಎರಡು ಪಟ್ಟು, ನಟ ತೊದಲಿದರೆ ಮತ್ತೆ ಅಷ್ಟು.

ಶಿಬಾನೊಗೆ ಕೊನೆಗೆ ತಡೆಯಲಾಗುವುದಿಲ್ಲ. ಜಾಸ್ ಬ್ಯಾಂಡಿನ ಮೇಲೆ ಜಗಳಕ್ಕೆಂದು ಪಕ್ಕದ ಮನೆಗೆ ಹೋಗುತ್ತಾನೆ. ಇದು ಹೊಸ ಕಾಲದ ಮನೆ, ಆಗಿನವರು ‘ಬುಂಕಾ ಮನೆ’ ಎನ್ನುತ್ತಿದ್ದ ಬಗೆ: ಜಪಾನಿ ಮನೆಗೆ ಪಾಶ್ಚಾತ್ಯ ಕೋಣೆ, ಗಾಜಿನ ಕಿಟಕಿ, ಕುರ್ಚಿ ಮೇಜು ಸೇರಿಸಿದ್ದು. 1922ರಲ್ಲಿ ಉಯೆನೊದ ಪ್ರದರ್ಶನದಲ್ಲಿ ಇಂಥ ಮನೆಗಳ ಮಾದರಿ ಬಡಾವಣೆಯನ್ನೇ ಕಟ್ಟಿ ತೋರಿಸಿದ್ದರು. ಮೇಡಂ ಪಾತ್ರದ ದಾತೆ ಸಾತೊಕೊ ಕತ್ತರಿಸಿದ ಕೂದಲಿನ, ಪಾಶ್ಚಾತ್ಯ ಉಡುಪಿನ ಹೆಣ್ಣು. ಬೈಯಲು ಬಂದವನನ್ನು ಕೂರಿಸಿ ಕುಡಿಸಿ ಹಾಡು ಕೇಳಿಸಿ ಕಳಿಸುತ್ತಾಳೆ. ಅವನು ‘ವೇಗ, ವೇಗ’ ಎಂಬ ಅದೇ ಹಾಡು ಗುನುಗುತ್ತ ಮನೆಗೆ ಬರುತ್ತಾನೆ, ಬರೆಯುವ ಉಮೇದೂ ಬಂದಿರುತ್ತದೆ. ಹೆಂಡತಿಗೆ ಎಲ್ಲ ಗೊತ್ತು. ಅವಳಿಗೂ ಕಿವಿ ಇದೆಯಲ್ಲ. ತನಗೂ ಪಾಶ್ಚಾತ್ಯ ಉಡುಪು ಬೇಕೆಂದು ಹಟ ಹಿಡಿಯುತ್ತಾಳೆ. ಕಿಮೊನೊ ಉಟ್ಟು, ಕೂದಲು ಕಟ್ಟಿ, ಮಗುವಿಗೆ ಹಾಲೂಡಿಸುವ ಹೆಂಡತಿಗೂ ಪಕ್ಕದ ಮೇಡಂಗೂ ನಡುವೆ ಇರುವುದು ಒಂದು ಬೇಲಿ, ಅಷ್ಟೆ.

ಇಲ್ಲಿ ಸದ್ದಿಗೆ ಬೆಲೆ ತೆರಬೇಕಾಗಿಲ್ಲ. ತೊಂದರೆಯೇ ಲಾಭವಾಯಿತು. ನಾಟಕ ಮುಗಿಯುತ್ತದೆ, ದುಡ್ಡು ಬರುತ್ತದೆ, ಸಂಸಾರ ತಿರುಗಾಡಲು ಹೊರಡುತ್ತದೆ, ಮೇಲೆ ವಿಮಾನ ಹಾರುತ್ತದೆ, ‘ಮೈ ಬ್ಲೂ ಹೆವನ್’ ಹಾಡು. 1931ರಲ್ಲಿ ನಿರುದ್ಯೋಗ ಎಷ್ಟಿತ್ತೆಂದು ನೆನೆಸಿಕೊಂಡರೆ ಈ ಲಘುತ್ವ ತುಸು ಕಿರಿಕಿರಿ ಮಾಡುತ್ತದೆ. ಆದರೂ ಕಿನೆಮಾ ಜುಂಪೊ ಎಂಬ ಸಿನಿಮಾ ಪತ್ರಿಕೆ ಆ ವರ್ಷದ ಮೊದಲ ಸ್ಥಾನ ಕೊಟ್ಟದ್ದು ಇದಕ್ಕೇ. ಮೂಕಿಚಿತ್ರಗಳನ್ನೆಲ್ಲ ಹಿಂದೆ ಹಾಕಿ.

ನಡುವಿನ ಐದು ವರ್ಷಗಳನ್ನು ಬೇಗ ದಾಟುತ್ತೇನೆ. ತೆರೆಯ ಪಕ್ಕ ನಿಂತು ಕಥೆ ಹೇಳುತ್ತಿದ್ದ ಬೆನ್ಶಿಗಳು ಸಾವಿರಾರು ಮಂದಿ ಇದ್ದರು; ಜನ ಅವರ ಹೆಸರು ನೋಡಿಯೇ ಟಿಕೆಟ್ ಕೊಳ್ಳುತ್ತಿದ್ದರು. ಕೆಲಸ ಹೋಗುವ ಭೀತಿಯಲ್ಲಿ 1932ರಲ್ಲಿ ಮುಷ್ಕರ ಹೂಡಿದರು, ಸೋತರು. ಆದರೂ ಮೂಕಿಚಿತ್ರ ಒಮ್ಮೆಲೇ ನಿಲ್ಲಲಿಲ್ಲ. ಸಣ್ಣ ಊರಿನ ಚಿತ್ರಮಂದಿರಕ್ಕೆ ಧ್ವನಿವರ್ಧಕ ಹಾಕಿಸುವುದು ದುಬಾರಿ, ಬೆನ್ಶಿ ಅಗ್ಗ. ಜಪಾನಿನಲ್ಲಿ 1935ರವರೆಗೂ ಒಳ್ಳೊಳ್ಳೆಯ ಮೂಕಿಚಿತ್ರಗಳು ಬಂದಿವೆ ಎಂದರೆ ಅದಕ್ಕೆ ಕಲಾಪ್ರೇಮದಷ್ಟೇ ಈ ಲೆಕ್ಕಾಚಾರವೂ ಕಾರಣ.

ಓಜು ತಡ ಮಾಡಿದ್ದಕ್ಕೆ ಇನ್ನೊಂದು ಕಾರಣ ಇತ್ತು. ಅವರ ಛಾಯಾಗ್ರಾಹಕ ಮೊಹಾರಾ ಹಿದೆಒ ತಾನೇ ಒಂದು ಧ್ವನಿಯಂತ್ರ ಕಟ್ಟುತ್ತಿದ್ದ. ಅದು ಸಿದ್ಧವಾದ ಮೇಲೆ ಅದರಲ್ಲೇ ಮೊದಲ ಟಾಕಿ ಮಾಡುತ್ತೇನೆಂದು ಓಜು ಮಾತು ಕೊಟ್ಟಿದ್ದರು. ಅಷ್ಟರಲ್ಲಿ ಕಾಮಾತಾ ಸುತ್ತ ಕಾರ್ಖಾನೆಗಳು ಎದ್ದವು. ಆ ಗದ್ದಲದಲ್ಲಿ ಟಾಕಿ ತೆಗೆಯುವುದು ಕಷ್ಟವಾಗಿ ಶೋಚಿಕು 1936ರ ಜನವರಿಯಲ್ಲಿ ಓಫುನಾ ಎಂಬಲ್ಲಿಗೆ ಸ್ಟುಡಿಯೊ ಸಾಗಿಸಿತು. ಹೊಸ ಜಾಗದಲ್ಲಿ ನಡೆಯುತ್ತಿದ್ದದ್ದು ತ್ಸುಚಿಹಾಶಿ ಯಂತ್ರ. ಹಾಗಾಗಿ ಓಜು ಗೆಳೆಯನ ಯಂತ್ರ ಹೊತ್ತು ಖಾಲಿಯಾಗಿದ್ದ ಕಾಮಾತಾದಲ್ಲೇ ಉಳಿದರು. ಹಗಲು ಹತ್ತಿರದ ರೈಲಿನ ಸದ್ದು. ಆದ್ದರಿಂದ ಚಿತ್ರೀಕರಣ ನಡುರಾತ್ರಿಯ ಮೇಲೆ, ರೈಲು ನಿಂತ ಹೊತ್ತಿನಲ್ಲಿ. ಮೊದಲ ರೈಲು ಹೊರಡುವಷ್ಟರಲ್ಲಿ ಬೆರಳೆಣಿಕೆಯ ನೋಟಗಳು ಮುಗಿದರೆ ಅದೇ ದೊಡ್ಡದು. ತೆರೆಯ ಮೇಲೆ ಸದ್ದಿನ ಊರು ತೋರಿಸಲು ಊರೆಲ್ಲ ಮಲಗುವುದನ್ನು ಕಾಯಬೇಕಾಯಿತು.

ಚಿತ್ರ ತೆರೆಕಂಡದ್ದು ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ. ತಂದೆತಾಯಿ ಮತ್ತು ಮಕ್ಕಳು ಎಂಬ ನಂಟಿನಿಂದಲೇ ಬದುಕಿನ ದುರಂತದ ಮೊದಲ ಅಂಕ ಶುರುವಾಗುತ್ತದೆ ಎಂಬರ್ಥದ, ಸಾಹಿತಿ ಅಕುತಾಗಾವಾ ಬರೆದ ವಾಕ್ಯದಿಂದ ಆರಂಭ. ಆಮೇಲೆ 1923, ಶಿನ್‌ಶೂ ಸೀಮೆ, ರೇಷ್ಮೆ ನೂಲು ತೆಗೆಯುವ ಕಾರ್ಖಾನೆ. ರಾಮನಗರ, ಶಿಡ್ಲಘಟ್ಟದ ಕಡೆಯವರಿಗೆ ಈ ದೃಶ್ಯ ವಿವರಿಸಬೇಕಾಗಿಲ್ಲ: ಬಿಸಿನೀರಿನ ತೊಟ್ಟಿಯಲ್ಲಿ ಬೆಂದ ಗೂಡು, ಕೆಲವು ಗೂಡುಗಳ ಎಳೆ ಸೇರಿಸಿ ಒಂದು ನೂಲು, ಮೇಲೆ ತಿರುಗುವ ರಾಟೆ, ಆವಿ, ನಾತ. (ಹತ್ತೊಂಬತ್ತನೇ ಶತಮಾನದ ಕೊನೆಗೆ ಜೆಮ್‌ಶೆಡ್‌ಜಿ ಟಾಟಾ ಜಪಾನಿನ ತಜ್ಞರನ್ನು ಕರೆಸಿ ಬೆಂಗಳೂರಿನಲ್ಲಿ ರೇಷ್ಮೆ ಫಾರಂ ಮಾಡಿಸಿದ್ದು ನಿಮಗೆ ಗೊತ್ತು, ಬಸವನಗುಡಿ ಕಡೆ ಆ ಹೆಸರು ಇನ್ನೂ ಉಳಿದಿದೆ.) ವಿಧವೆ ಓತ್ಸುನೆ ಅಲ್ಲಿ ಕೂಲಿ, ಪಾತ್ರ ಮಾಡಿದವರು ಈದಾ ಚೋಕೊ. ಮಗ ರ್‍ಯೋಸುಕೆಯನ್ನು ಮುಂದೆ ಓದಿಸಿ ಎಂದು ಮೇಷ್ಟ್ರು ಓಕುಬೊ ಹೇಳುತ್ತಾರೆ. ಅದು ರ್‍ಯೂ ಚಿಶೂ. ಆ ಮೇಷ್ಟ್ರೂ ದೊಡ್ಡದೇನೋ ಓದಲೆಂದು ಟೋಕಿಯೊಗೆ ಹೊರಟವರೇ. ರಾಟೆಗಳ ಒಂದೇ ಸಮನೆ ಗಿರ್ ಎನ್ನುವ ಸದ್ದು ಕಿವಿಯಲ್ಲಿ ಕೂರುವಷ್ಟು ಹೊತ್ತು ಓಜು ಅಲ್ಲಿ ನಿಲ್ಲುತ್ತಾರೆ.

1936. ತಾಯಿ ಹೇಳದೆ ಕೇಳದೆ ಅಲ್ಲ, ಆದರೆ ಬಹಳ ಆಸೆ ಹೊತ್ತು ಮಗ ಇರುವ ಟೋಕಿಯೊಗೆ ಬರುತ್ತಾಳೆ. ಟ್ಯಾಕ್ಸಿ ದೊಡ್ಡ ರಸ್ತೆ, ಸೇತುವೆ ದಾಟಿ ಪೂರ್ವಕ್ಕೆ ತಿರುಗುತ್ತದೆ. ಆಮೇಲೆ ಟ್ಯಾಕ್ಸಿ ಹೋಗದ ಜಾಗ, ನಡಿಗೆ. ಮಗನಿಗೆ ಮದುವೆಯಾಗಿದೆ, ಕೂಸಿದೆ. ಎರಡೂ ಅವಳಿಗೆ ಹೊಸ ಸುದ್ದಿ. ಕೆಲಸ ರಾತ್ರಿಶಾಲೆಯಲ್ಲಿ ಗಣಿತ ಪಾಠ. ಓಕುಬೊ ಮೇಷ್ಟ್ರು ಏನು ಮಾಡುತ್ತಿದ್ದಾರೆ? ಹಂದಿಮಾಂಸ ಕರಿದು ಮಾರುವ ತೊಂಕಾತ್ಸು ಅಂಗಡಿ. ರ್‍ಯೂ ಚಿಶೂ ಅದನ್ನು ಒಂದಿಷ್ಟೂ ಗೋಳಾಗಿಸದೆ ನಗುನಗುತ್ತ ಮಾಡುತ್ತಾರೆ. ಅದಕ್ಕೇ ಅದು ಚುಚ್ಚುತ್ತದೆ.

ಈ ಚಿತ್ರದಲ್ಲಿ ದುಡ್ಡನ್ನು ಹಿಂಬಾಲಿಸಿ. ತಾಯಿ ಬಂದ ಕೂಡಲೇ ಮಗ ಸಹೋದ್ಯೋಗಿಗಳ ಹತ್ತಿರ ಸಾಲ ಕೇಳುತ್ತಾನೆ. ಆ ಸಾಲದಲ್ಲಿ ಊರು ತೋರಿಸುವುದು, ಸಿನಿಮಾ. ಸಾಲ ಕರಗಿದ ಮೇಲೆ ರಾತ್ರಿ ಗಾಡಿಯವನಿಂದ ನೂಡಲ್ಸ್ ತಂದು, ಇದರ ಸಾರು ತುಂಬ ಚೆನ್ನಾಗಿರುತ್ತದೆ ಕುಡಿಯಿರಿ ಎಂದು ಉಪಚರಿಸುತ್ತಾನೆ. ಸಾರು ಹೊಗಳಬೇಕಾಗಿ ಬಂದಿದೆ ಎಂದರೆ ಬೇರೇನೂ ಇಲ್ಲ ಎಂದರ್ಥ. ಹೆಂಡತಿ ತನ್ನ ಕಿಮೊನೊ ಮಾರಿ ಅತ್ತೆಯನ್ನು ಇನ್ನೊಮ್ಮೆ ಹೊರಗೆ ಕರೆದೊಯ್ಯಲು ದುಡ್ಡು ಹೊಂದಿಸುತ್ತಾಳೆ. ಹೊರಡುವಷ್ಟರಲ್ಲಿ ನೆರೆಮನೆಯ ವಿಧವೆಯ ಹುಡುಗನಿಗೆ ಕುದುರೆ ಒದೆಯುತ್ತದೆ. ದುಡ್ಡು ಅವನ ಆಸ್ಪತ್ರೆಗೆ. ಕೊನೆಗೆ ತಾಯಿ ಊರಿಗೆ ಹೋಗುವಾಗ ಮೊಮ್ಮಗನಿಗೆಂದು ಒಂದಿಷ್ಟು ದುಡ್ಡು, ಒಂದು ಚೀಟಿ ಇಟ್ಟು ಹೋಗುತ್ತಾಳೆ. ಒಂದು ವಾರದಲ್ಲಿ ಆ ಮನೆಯಲ್ಲಿ ಕೈಬದಲಾದ ದುಡ್ಡಿನ ದಾರಿ ಬರೆದಿಟ್ಟುಕೊಂಡರೆ ಚಿತ್ರಕಥೆಯ ಬೆನ್ನೆಲುಬೇ ಕೈಗೆ ಸಿಗುತ್ತದೆ.

ಸಿನಿಮಾದ ದೃಶ್ಯ ತಮಾಷೆಯಾಗಿದೆ. ಅಮ್ಮಾ, ಇದಕ್ಕೆ ಟಾಕಿ ಅಂತಾರೆ ಎಂದು ಮಗ ಹೆಮ್ಮೆಯಿಂದ ಹೇಳುತ್ತಾನೆ. ತೆರೆಯ ಮೇಲೆ ಸಂಗೀತಗಾರ ಶೂಬರ್ಟ್ ಕಥೆಯ 1933ರ ಜರ್ಮನ್ ಭಾಷೆಯ ಚಿತ್ರ. ಗೋಧಿಹೊಲದ ನಡುವೆ ನಟಿ ಮಾರ್ತಾ ಎಗ್ಗರ್ತ್ ಓಡುತ್ತಾಳೆ. ತಾಯಿಗೆ ನಿದ್ದೆ. ಇದರಲ್ಲಿ ಓಜು ತನ್ನ ಕಾಲೆಳೆದುಕೊಂಡದ್ದೂ ಇದೆ: ತನ್ನ ಮೊದಲ ಟಾಕಿಯೊಳಗೇ ಟಾಕಿಯ ಎದುರು ಒಬ್ಬಳನ್ನು ಮಲಗಿಸಿದ್ದಾರೆ.

ಇನ್ನು ಮನೆಯ ಸುತ್ತಲಿನ ಸದ್ದು. ಸುನಾಮಾಚಿಯ ಬಾಡಿಗೆ ಕಡಿಮೆ ಯಾಕೆಂದರೆ ಅದು ಕಾರ್ಖಾನೆ ಮತ್ತು ಕಸದ ಸೀಮೆ. ಮನೆಯೊಳಗಿನ ದೃಶ್ಯಗಳಲ್ಲಿ ಆಚೆಯಿಂದ ಯಂತ್ರದ ತಾಳದಂಥ ಸದ್ದು ಬರುತ್ತಲೇ ಇರುತ್ತದೆ. ಶಿನ್‌ಶೂವಿನ ರಾಟೆಯನ್ನು ಬಿಟ್ಟುಬಂದ ತಾಯಿಗೆ ಇಲ್ಲೂ ಅದೇ. ಶಿಬಾನೊ ಮಾಡಿದ ಹಾಗೆ ಇಲ್ಲಿ ಎದ್ದು ಹೋಗಿ ಜಗಳವಾಡಲು ಯಾರಿದ್ದಾರೆ? ಕಾರ್ಖಾನೆಯ ಬಾಗಿಲು ತಟ್ಟಿದರೆ ಯಾವ ಮೇಡಂ ಕುಡಿಯಲು ಕೊಡುತ್ತಾಳೆ? ಒಂದು ಮಧ್ಯಾಹ್ನ ತಾಯಿ ಮಗ ಬಯಲಲ್ಲಿ ಕೂರುತ್ತಾರೆ; ಹಿಂದೆ ನಗರಸಭೆಯ ಕಸ ಸುಡುವ ಚಿಮಣಿಗಳು. ಇಷ್ಟೇ ಆಗಲು ಬಂದೆನೇ, ನಿನಗೆ ನಿರಾಸೆಯಾಗಿರಬೇಕು ಎಂಬ ಮಾತು ಮಗನ ಬಾಯಿಂದ ಬರುವುದು ಅಲ್ಲಿ. ಬಾನಾಡಿ ಕೂಗುವುದೂ ಅಲ್ಲೇ. ಮನೆಯೊಳಗೆ ಇಂಥ ಮಾತಿಗೆ ಜಾಗವಿಲ್ಲ, ಕಾಗದದ ಬಾಗಿಲಿನ ಆಚೆ ಹೆಂಡತಿ ಇದ್ದಾಳೆ.

ಆದರೆ ಆಮೇಲೆ ಅದೇ ತಪ್ಪು ಆಗುತ್ತದೆ. ಒಂದು ರಾತ್ರಿ ಮನೆಯೊಳಗೇ ಮಾತು ಬೆಳೆಯುತ್ತದೆ. ಇಷ್ಟು ಬೇಗ ಕೈಚೆಲ್ಲಿದೆಯಾ ಎಂದು ತಾಯಿ ರೇಗುತ್ತಾಳೆ. ಊರಿನ ಮನೆಯೂ ಹಿಪ್ಪುನೇರಳೆ ತೋಟವೂ ಮಾರಿಹೋಗಿ ತಾನು ಕಾರ್ಖಾನೆಯ ವಠಾರದಲ್ಲಿ ಇರುವುದು ಆಗ ಬಾಯಿಬಿಡುತ್ತಾಳೆ. ಹೆಂಡತಿ ಎಲ್ಲವನ್ನೂ ಕೇಳಿಸಿಕೊಂಡು ಅಳುತ್ತಾಳೆ. ಆಗ ಓಜು ಅವರನ್ನೆಲ್ಲ ಬಿಟ್ಟು ಕ್ಯಾಮೆರಾವನ್ನು ಕೋಣೆಯ ಒಂದು ಖಾಲಿ ಮೂಲೆಗೆ ತಿರುಗಿಸುತ್ತಾರೆ. ಹೆಚ್ಚುಕಡಿಮೆ ಒಂದು ನಿಮಿಷ ಆ ಮೂಲೆ. ನಿಮಿಷ ಎಂದರೆ 90 ಅಡಿ ಫಿಲಂ, ಮನುಷ್ಯರಿಲ್ಲದ 1,440 ಚೌಕಟ್ಟು. ಮೂಕಿಚಿತ್ರದಲ್ಲಿ ಇದು ಸಾಧ್ಯವೇ ಇರಲಿಲ್ಲ. ಇಷ್ಟು ಹೊತ್ತು ಖಾಲಿ ಮೂಲೆ ತೋರಿಸಿದ್ದರೆ ಬೆನ್ಶಿ ಏನಾದರೂ ಹೇಳಿ ತುಂಬಿಸಿಬಿಡುತ್ತಿದ್ದ. ಇಲ್ಲಿ ಅಳು ಕಿವಿಗೆ ಬಿದ್ದಿದೆ, ಹಾಗಾಗಿ ಕಣ್ಣಿಗೆ ಯಾರೂ ಬೇಕಾಗಿಲ್ಲ. ಮಾತಿಗಾಗಿ ಐದು ವರ್ಷ ಕಾದ ನಿರ್ದೇಶಕ ಟಾಕಿಯನ್ನು ಅತಿ ಚೆನ್ನಾಗಿ ಬಳಸಿಕೊಂಡದ್ದು ಯಾರೂ ಮಾತಾಡದ ಈ ನೋಟದಲ್ಲಿ.

ನೋಡುವವರಿಗೆ ಕೆಲವು ಸೂಚನೆ. ಎರಡೂ ಚಿತ್ರಗಳ ಉಳಿದಿರುವ ಪ್ರತಿಗಳಲ್ಲಿ ಧ್ವನಿ ಸವೆದಿದೆ. ಫಿಲಂ ಮೇಲೆ ಧ್ವನಿ ಚಿತ್ರದ ಪಕ್ಕದಲ್ಲೇ ಅಚ್ಚಾದರೂ ಅದೇ ಚೌಕಟ್ಟಿನ ಎದುರಿಗಿರುವುದಿಲ್ಲ, ಸುಮಾರು 20 ಚೌಕಟ್ಟು ಮುಂದೆ ಇರುತ್ತದೆ. ಪ್ರೊಜೆಕ್ಟರಿನಲ್ಲಿ ಚಿತ್ರದ ಕಿಂಡಿಗೂ ಧ್ವನಿ ಓದುವ ಭಾಗಕ್ಕೂ ಅಷ್ಟು ಅಂತರ ಇರುವುದರಿಂದ. ಹರಿದ ಫಿಲಂ ಅಂಟಿಸಿದಾಗ ಚಿತ್ರ ಒಂದು ಕಡೆ ಜಿಗಿದರೆ, ಮಾತು ಮುಕ್ಕಾಲು ಸೆಕೆಂಡಿನ ಮೇಲೆ ಇನ್ನೊಂದು ಕಡೆ ತುಂಡಾಗುತ್ತದೆ. ತುಟಿಗೂ ಮಾತಿಗೂ ತಾಳೆಯಿಲ್ಲ ಎನಿಸಿದ ಕಡೆಯೆಲ್ಲ ನಿರ್ದೇಶಕರನ್ನು ದೂರಬೇಡಿ. ಲ್ಯಾಪ್‌ಟಾಪಿನ ಸಣ್ಣ ಸ್ಪೀಕರಿನಲ್ಲಿ ನೋಡಿದರೆ ಓಜು ಚಿತ್ರದ ಯಂತ್ರದ ಸದ್ದು ಪೂರ್ತಿ ಹೋಗಿಬಿಡುತ್ತದೆ, ಬರೀ ಸಂಭಾಷಣೆಯ ಕೌಟುಂಬಿಕ ಚಿತ್ರ ಉಳಿಯುತ್ತದೆ, ಹೆಡ್‌ಫೋನ್ ಹಾಕಿಕೊಳ್ಳಿ. ಪ್ರತಿಯನ್ನು ‘ಶುದ್ಧ’ ಮಾಡಿ ಸರಸರ ಸದ್ದನ್ನೆಲ್ಲ ತೆಗೆದ ಅಂತರ್ಜಾಲದ ಆವೃತ್ತಿಗಳಿದ್ದರೆ ದೂರವಿಡಿ, ಗೀರಿನ ಜೊತೆ ಕಾರ್ಖಾನೆಯೂ ಅಳಿಸಿಹೋಗಿರುತ್ತದೆ.

ಒಂದೇ ಸಂಜೆ ಎರಡೂ ಹಾಕುವ ಸಂಘದವರು ಗೋಶೊ ಚಿತ್ರ ಮೊದಲು ಹಾಕಲಿ. ಅದು ಒಂದು ಗಂಟೆಯೊಳಗೆ ಮುಗಿಯುತ್ತದೆ, ಇನ್ನೊಂದು ಒಂದೂವರೆ ಗಂಟೆಯ ಹತ್ತಿರ. ನಡುವೆ ಚಹಾಕ್ಕೆ ಬಿಡುವು ಕೊಟ್ಟರೆ ಮೂರು ಗಂಟೆ ಸಾಕು. ಸಭಾಂಗಣದ ಫ್ಯಾನುಗಳನ್ನು ಎರಡನೆಯ ಚಿತ್ರಕ್ಕಾದರೂ ಆರಿಸಿ. ಸೆಕೆಯ ತಿಂಗಳಾದರೆ ಪ್ರದರ್ಶನವನ್ನೇ ರಾತ್ರಿಗೆ ಇಟ್ಟುಕೊಳ್ಳುವುದು ಮೇಲು.